ಕೂಗುಮಾವನ ಫುಟ್‌ಬಾಲ್

ನಮ್ಮ ಸೋದರಮಾವನಿಗೆ ಫುಟ್‌ಬಾಲ್ ಆಡಲು ಬರುವುದಿಲ್ಲ. ಇದನ್ನು ಮೊದಲೇ ಹೇಳಿಬಿಡುವುದು ಕ್ಷೇಮ. ಅವರು ಚೆಂಡು ಒದ್ದರೆ ಚಪ್ಪಲಿ ಗೋಲಿಗೆ ಹೋಗುತ್ತದೆ, ಚೆಂಡು ಇದ್ದಲ್ಲೇ ಇರುತ್ತದೆ. ಆದರೂ ಪಿರಿಯಾಪಟ್ಟಣ ಸೀಮೆಯ ಹೈಸ್ಕೂಲಿನಿಂದ ಹಿಡಿದು ಹುಣಸೂರಿನ ಕಾಲೇಜಿನವರೆಗೆ ಅವರು ಆಯುಷ್ಯವಿಡೀ ಫುಟ್‌ಬಾಲ್ ಕೋಚ್! ಹೇಗೆ ಅನ್ನುತ್ತೀರಾ? ಕೂಗಿನಿಂದ. ಬರೀ ಕೂಗಿನಿಂದ! ಆಡುವುದು ಮಕ್ಕಳ ಕೆಲಸ, ಕೂಗುವುದು ತನ್ನ ಕೆಲಸ ಎಂದು ಅವರು ಮೊದಲ ದಿನವೇ ಭಾಗ ಮಾಡಿಕೊಂಡಿದ್ದರು. ಆ ಕೂಗೇ ಒಂದು ದಿನ ಕೈಕೊಟ್ಟರೆ ಈ ಮನುಷ್ಯನ ಗತಿಯೇನು ಎಂದು ನಾವ್ಯಾರೂ ಯೋಚಿಸಿರಲಿಲ್ಲ.

ಅದು ಎಂಥ ಕೂಗು ಅಂತೀರಿ! ಒಮ್ಮೆ ಶಾಲೆಯ ಮೈದಾನದಲ್ಲಿ ನಿಂತು, "ಪಾಸ್ ಎಲ್ಲಲಾ? ಪಾಸ್! ಪಾಸ್!" ಎಂದು ಅಬ್ಬರಿಸಿದರಂತೆ. ಆಚೆ ರಸ್ತೆಯಲ್ಲಿ ನಿಂತಿದ್ದ ಬಸ್ಸಿನೊಳಗಿನ ಹುಡುಗರೆಲ್ಲ ಗಾಬರಿಯಿಂದ ಬ್ಯಾಗು ತಡಕಾಡಿ, ತಮ್ಮ ತಮ್ಮ ಬಸ್ ಪಾಸ್ ತೆಗೆದು ಎತ್ತಿ ಹಿಡಿದರು. ಕಂಡಕ್ಟರ್ ಇಳಿದು ಬಂದು ಮಾವನಿಗೆ ಕೈಮುಗಿದ.

"ನಾನು ಗಂಟ್ಲು ಅರ್ಕಂಡ್ರೂ ಒಬ್ಬನೂ ತೋರ್ಸಲ್ಲ ಸಾರ್. ನೀವು ದಿನಾ ಇದೇ ಟೈಮಿಗೆ ಕೂಗಿ."

ಇಂಥವರು ಫುಟ್‌ಬಾಲಿಗೆ ಬಿದ್ದದ್ದು ಹೇಗೆ? ಅದೂ ಅಂಗಡಿಯವನೊಬ್ಬನ ಕೈತಪ್ಪಿನಿಂದ. ಮಾವ ಪಿ.ಟಿ. ಮೇಷ್ಟ್ರಾಗಿ ಸೇರಿದ್ದು ಬೆಟ್ಟದಪುರದ ಕಡೆಯ ಒಂದು ಹೈಸ್ಕೂಲಿಗೆ. ಕಬಡ್ಡಿ, ಖೋ ಖೋ, ವಾಲಿಬಾಲ್ ಬಿಟ್ಟರೆ ಬೇರೆ ಆಟ ಇದೆಯೆಂದು ಆ ಊರಿಗೆ ಗೊತ್ತಿರಲಿಲ್ಲ. ಮಾವನಿಗೂ ಗೊತ್ತಿರಲಿಲ್ಲ. ಶಾಲೆಯವರು ವಾಲಿಬಾಲ್ ಕಳಿಸಿ ಎಂದು ಹೇಳಿದರೆ, ಮೈಸೂರಿನ ಅಂಗಡಿಯವನು ಒಂದು ಮೂಟೆ ಫುಟ್‌ಬಾಲ್ ಕಳಿಸಿದ. ಹೆಡ್‌ಮಾಸ್ಟರು ವಾಪಸ್ ಕಳಿಸಿ ಎಂದರು. ಮಾವ ಮೂಟೆಯನ್ನು ಅಪ್ಪಿಕೊಂಡು ನಿಂತರು.

"ಮನೆ ಬಾಗ್ಲಿಗೆ ಬಂದಿರೋ ನೆಂಟ್ರನ್ನ ಹಂಗೇ ವಾಪಸ್ ಕಳ್ಸಾದ್ ಚೆಂದ್ವಾ ಸಾರ್?"

ನೆಂಟರು ಉಳಿದುಕೊಂಡರು. ಗೋಲ್ ಕಂಬಕ್ಕೆ ಏನು ಮಾಡುವುದು? ಪಕ್ಕದ ತೋಟದವರು ಹೊಗೆಸೊಪ್ಪು ಬೇಯಿಸುವ ಬ್ಯಾರನ್ ಎಂಬ ಗೂಡುಮನೆಗೆಂದು ಇಟ್ಟುಕೊಂಡಿದ್ದ ಬಿದಿರ ಗಳಗಳನ್ನು ಕೇಳಿ ತಂದು ನೆಟ್ಟರು. ಎಲ್ಲ ಚೆನ್ನಾಗಿಯೇ ಇತ್ತು. ಆದರೆ ಸೊಪ್ಪು ಬೇಯಿಸುವ ಕಾಲ ಬಂತು ನೋಡಿ, ಕಂಪಲಾಪುರದ ಹುಡುಗರ ಮೇಲೆ ಮ್ಯಾಚ್ ನಡೆಯುತ್ತಿರುವಾಗಲೇ ಗಳದ ಯಜಮಾನ ಎತ್ತಿನ ಗಾಡಿ ಹೊಡೆದುಕೊಂಡು ಬಂದು, ಗೋಲ್ ಕಿತ್ತು ಗಾಡಿಗೆ ಹೇರಿಕೊಂಡು ಹೊರಟುಹೋದ! ನಮ್ಮ ಗೋಲ್‌ಕೀಪರ್ ಮಾತ್ರ ಕರ್ತವ್ಯ ಬಿಡದೆ ಎರಡು ಗುಳಿಗಳ ಮಧ್ಯೆ ನಿಂತೇ ಇದ್ದ.

ಇನ್ನು ಆಟದ ನಿಯಮ. ಎಲ್ಲವನ್ನೂ ಹೇಗೋ ಕಲಿತರು, ಆಫ್‌ಸೈಡ್ ಒಂದು ಮಾತ್ರ ತಲೆಗೆ ಹತ್ತಲಿಲ್ಲ. ಕೇರಳದವರಿಗೆ ಫುಟ್‌ಬಾಲ್ ಹುಟ್ಟಾ ಬರುತ್ತದೆ ಎಂದು ಯಾರೋ ಹೇಳಿದರೆಂದು ಎಚ್.ಡಿ. ಕೋಟೆಯ ಮಲಯಾಳಿ ಟೀ ಅಂಗಡಿಗೆ ಹೋದರು. ಅಂಗಡಿಯವನು ಉತ್ಸಾಹದಿಂದ ಟೀ ಗ್ಲಾಸುಗಳನ್ನೇ ಆಟಗಾರರಾಗಿ ಜೋಡಿಸಿ, ಅಚ್ಚ ಮಲಯಾಳದಲ್ಲಿ ಪಾಠ ಶುರು ಮಾಡಿದ. ಮಾವನಿಗೆ ಮಲಯಾಳ ಬಾರದು. ಆದರೂ ತಲೆಯಾಡಿಸುತ್ತ ಕೂತಿದ್ದರು. ಇನ್ನೇನು ವಿಷಯ ಹೊಳೆಯಬೇಕು, ಅಷ್ಟರಲ್ಲಿ ಯಾರೋ ಗಿರಾಕಿ ಬಂದು ಗೋಲ್‌ಕೀಪರನ್ನು ಎತ್ತಿ ಕುಡಿದುಬಿಟ್ಟ.

ಆದರೆ ವಾಪಸ್ ಬರುವ ಬಸ್ಸಿನಲ್ಲಿ ಮಾವನಿಗೆ ಜ್ಞಾನೋದಯವಾಯಿತು. ಮಾರನೆಯ ದಿನ ನಮ್ಮನ್ನೆಲ್ಲ ಸಾಲಾಗಿ ನಿಲ್ಲಿಸಿದರು. ನಾನೂ ಆಗ ಅವರ ಶಾಲೆಯಲ್ಲೇ ಓದುತ್ತಿದ್ದೆ.

"ಪಕ್ಕದ ಹೊಲ್ದವ್ನು ಮುಂದ್ಗಡೆ ನೋಡ್ತಾ ನಿಂತವ್ನೆ. ನೀನು ಅವ್ನ ಬೆನ್ನಿಂದೆ ಬದು ದಾಟ್ಕಂಡು ಹೋಗಿ, ಅಲ್ಲೇ ಕಾಯ್ಕಂಡು ಕೂತಿದ್ದೀಯೆ. ಅದಕ್ಕೇನಂತಾರ್ಲಾ?"

"ಒತ್ತುವರಿ ಸಾರ್!"

"ಅದೇ ಕಣ್ರಲಾ ಆಫ್‌ಸೈಡು!"

ರೈತರ ಮಕ್ಕಳಿಗೆ ಇದಕ್ಕಿಂತ ಚೆನ್ನಾಗಿ ಹೇಳುವುದುಂಟೇ? ಅಂದಿನಿಂದ ನಮ್ಮಲ್ಲಿ ಆಫ್‌ಸೈಡ್ ಎಂಬ ಮಾತೇ ಸತ್ತುಹೋಯಿತು. ನೋಡಲು ಬಂದ ಊರವರೂ ಕಲಿತುಬಿಟ್ಟರು. ಕೆ.ಆರ್. ನಗರದಲ್ಲಿ ಒಂದು ಪಂದ್ಯ. ಎದುರಾಳಿ ಹುಡುಗ ನಮ್ಮ ಗೋಲಿನ ಹತ್ತಿರ ಬಂದದ್ದೇ ತಡ, ನಮ್ಮ ಕಡೆಯ ಜನ ಎದ್ದು ನಿಂತು, "ಒತ್ತುವರಿ! ಒತ್ತುವರಿ! ಸರ್ವೇಯರನ್ನ ಕರ್ಸ್ರೀ!" ಎಂದು ಬೊಬ್ಬೆ ಹೊಡೆದರು. ಹೊರಗಿನಿಂದ ಬಂದಿದ್ದ ರೆಫರಿ ಆಟ ನಿಲ್ಲಿಸಿ ಮಾವನ ಹತ್ತಿರ ಬಂದು ಮೆಲ್ಲಗೆ ಕೇಳಿದರು: "ಏನ್ ಸಾರ್, ಈ ಗ್ರೌಂಡ್ ಮೇಲೆ ಕೇಸು ಗೀಸು ಇದೆಯಾ?"

ಪಾಸ್ ಕೊಡುವುದಕ್ಕೂ ಅವರದೇ ಭಾಷೆ. "ಚೆಂಡು ಅಂದ್ರೆ ನೀರು ಕಣ್ರಲಾ! ಒಂದೇ ಪಾತಿಲಿ ನಿಲ್ಸ್ಕಂಡ್ರೆ ಪೈರು ಕೊಳ್ತೋಯ್ತದೆ. ಪಕ್ಕದ್ ಪಾತಿಗೆ ತಿರುಗ್ಸಿ!" ನನ್ನಂಥ ಓಡಲಾಗದವರನ್ನೂ ಅವರು ಬಿಡಲಿಲ್ಲ. "ಓಡಕ್ಕಾಗಲ್ವಾ? ಹಿಂದೆ ನಿಂತ್ಕ. ಗೂಟ ಓಡ್ತದಾ? ಆದ್ರೂ ಹಸ ನಿಲ್ಸಲ್ವಾ?" ಎಂದು ನನ್ನನ್ನು ನಮ್ಮ ಗೋಲಿನ ಮುಂದೆ ನಿಲ್ಲಿಸಿದರು. ಹೆಸರು ಗೂಟ ಎಂದೇ ನಿಂತಿತು. ಈಗಲೂ ಪಿರಿಯಾಪಟ್ಟಣದ ಸಂತೆಯಲ್ಲಿ ಹಳೆಯ ಗೆಳೆಯರು, "ಏನ್ಲಾ ಗೂಟ, ಚೆನ್ನಾಗಿದ್ದೀಯಾ?" ಎಂದು ಹೆಂಡತಿಯ ಮುಂದೆಯೇ ಕೇಳುತ್ತಾರೆ.

ಇಷ್ಟೆಲ್ಲ ಬೈದರಲ್ಲ, ಒಮ್ಮೆಯಾದರೂ ಹೊಗಳಿದ್ದುಂಟೇ? ಇಲ್ಲ ಸ್ವಾಮಿ! ಒಮ್ಮೆ ಹೇಗೋ ನನ್ನ ಕಾಲಿಗೆ ಚೆಂಡು ತಾಗಿ, ಅದು ತಾನಾಗಿ ಎದುರಾಳಿಗಳ ಗೋಲಿಗೆ ಹೋಗಿ ನಾವು ಗೆದ್ದೆವು. ಓಡಿ ಹೋಗಿ ಮಾವನ ಮುಂದೆ ಎದೆಯುಬ್ಬಿಸಿ ನಿಂತೆ. "ಲೇಸ್ ಕಟ್ಕಳ್ಲಾ," ಅಂದರು.

ಅವರ ಬಾಯಿಗೆ ಸರಿಯಾದ ಉತ್ತರ ಕೊಟ್ಟವನು ಒಬ್ಬನೇ. ನಮ್ಮ ಸೀಮೆಯದೇ ಆದ ಕೊಪ್ಪದ ಹತ್ತಿರ, ಅಲ್ಲಿನ ಮಠದ ಟಿಬೆಟ್ಟಿನ ಎಳೆಯ ಸನ್ಯಾಸಿಗಳ ಜೊತೆ ಒಂದು ಸ್ನೇಹದ ಪಂದ್ಯ ಆಡಿದೆವು. ಸ್ನೇಹ ನಮ್ಮದು, ಗೋಲುಗಳೆಲ್ಲ ಅವರವು. ಕೆಂಪು ಬಟ್ಟೆ ಮೇಲಕ್ಕೆ ಕಟ್ಟಿಕೊಂಡು ಅವರು ಓಡುತ್ತಿದ್ದರೆ ನಾವು ದರ್ಶನಕ್ಕೆ ಬಂದವರ ಹಾಗೆ ದಾರಿ ಬಿಟ್ಟು ನಿಂತಿದ್ದೆವು. ಆಟ ಮುಗಿದ ಮೇಲೆ ಮಾವನಿಗೆ ತಡೆಯಲಾಗಲಿಲ್ಲ. ಅವರ ನಾಯಕನನ್ನು ಹಿಡಿದು ನಿಲ್ಲಿಸಿದರು.

"ಅಲ್ಲಪ್ಪಾ, ಸನ್ಯಾಸಿಗಳಿಗೆ ಗೆಲ್ಬೇಕು ಅನ್ನೋ ಆಸೆ ಇರ್ಬಾರ್ದು ಅಲ್ವಾ?"

ಅವನು ನಗುತ್ತ ಸಲೀಸು ಕನ್ನಡದಲ್ಲಿ ಹೇಳಿದ: "ಆಸೆ ಇಲ್ಲ ಸಾರ್. ಅಭ್ಯಾಸ ಆಗೋಗಿದೆ."

ಮಾವ ಅಂದು ಮನೆಯವರೆಗೂ ಮಾತಾಡಲಿಲ್ಲ. ಅಷ್ಟು ಹೊತ್ತು ಅವರು ಸುಮ್ಮನಿದ್ದದ್ದನ್ನು ನಾನು ನೋಡಿದ್ದು ಅದೇ ಮೊದಲು.

ಎರಡನೆಯ ಸಲ ನೋಡಿದ್ದು ಈಚೆಗೆ, ಅವರು ಹುಣಸೂರಿನ ಕಾಲೇಜಿಗೆ ಬಂದು, ಹುಡುಗಿಯರ ತಂಡ ಕಟ್ಟಿದ ಮೇಲೆ. ಎಚ್.ಡಿ. ಕೋಟೆಯಲ್ಲಿ ಆ ತಂಡದ ಪಂದ್ಯ ನಡೆಯುತ್ತಿತ್ತು. ಮಾವ ಗೆರೆಯ ಬಳಿ ನಿಂತು, "ಒತ್ತುವ..." ಎಂದರು. "ರಿ" ಬರಲೇ ಇಲ್ಲ. ಬಾಯಿ ತೆರೆದಿದೆ, ಕತ್ತಿನ ನರ ಉಬ್ಬಿದೆ, ಸದ್ದಿಲ್ಲ! ಮೈಸೂರಿನ ಡಾಕ್ಟರು ಗಂಟಲಿಗೆ ದೀಪ ಬಿಟ್ಟು ನೋಡಿ, ಧ್ವನಿತಂತುವಿನ ಮೇಲೆ ಗಂಟು ಬೆಳೆದಿದೆ, ತೆಗೆಯಬೇಕು ಎಂದರು. ಆಮೇಲೆ ಮಾತು ಬರಬಹುದು, ಆದರೆ ಇನ್ನು ಕೂಗುವಂತಿಲ್ಲ, ಕೂಗಿದರೆ ಇರುವುದೂ ಹೋಗುತ್ತದೆ. ಆಪರೇಷನ್ನಿಗೆ ಒಳಗೆ ಹೋಗುವ ಮುಂಚೆ ಮಾವ ನನ್ನ ಕೈ ಹಿಡಿದು ಗೊರಗೊರ ದನಿಯಲ್ಲಿ ಕೇಳಿದರು.

"ಕೂಗಕ್ಕೇ ಆಗ್ದೆ ಹೋದ್ರೆ ಗ್ರೌಂಡ್‌ನಲ್ಲಿ ನಾನ್ಯಾಕ್ಲಾ? ಬೆದ್ರುಗೊಂಬೆ ಥರ ನಿಂತ್ಕಳಕ್ಕಾ?"

ನಾನು ಬಗ್ಗಿ ಅವರ ಚಪ್ಪಲಿಗಳನ್ನು ಎತ್ತಿ ಚೀಲಕ್ಕೆ ಹಾಕಿಕೊಂಡೆ.

ತೆಗೆದ ಗಂಟು ಕೆಟ್ಟದ್ದೇನಲ್ಲ ಎಂದು ಗೊತ್ತಾಯಿತು. ಆದರೆ ಡಾಕ್ಟರು ಹೇಳುವವರೆಗೆ ತುಟಿ ಬಿಚ್ಚುವಂತಿರಲಿಲ್ಲ. ಆಗ ಶುರುವಾಯಿತು ನೋಡಿ ಅತ್ತೆಯ ಪಾಡು! ಮಾವನದೆಲ್ಲ ಫುಟ್‌ಬಾಲ್ ಸನ್ನೆ. ಅಂಗೈ ಮೇಲಕ್ಕೆತ್ತಿದರೆ ಆಟ ನಿಲ್ಲಿಸು ಎಂದು, ಅಂದರೆ ಸ್ವಲ್ಪ ತಾಳು ಎಂದು. ಅತ್ತೆ ಸಾರು ಸಾಕು ಎಂದುಕೊಂಡು ಪಾತ್ರೆ ಎತ್ತಿಕೊಂಡು ಹೋಗುತ್ತಿದ್ದರು. ಎರಡು ಕೈ ತಿರುಗಿಸಿದರೆ ಆಟಗಾರನನ್ನು ಬದಲಿಸು ಎಂದು, ಅಂದರೆ ಟಿ.ವಿ. ಚಾನೆಲ್ ಬದಲಿಸು ಎಂದು. ಅತ್ತೆ ದೋಸೆ ಮಗುಚಿ ಹಾಕುತ್ತಿದ್ದರು. ಒಂದು ದಿನ ನನಗೆ ಫೋನ್ ಮಾಡಿದರು.

"ಲೋ, ಬಂದು ನಿಮ್ಮಾವನ್ನ ಕರ್ಕಂಡೋಗ್ಲಾ ಎಲ್ಲಿಗಾದ್ರೂ! ಕುಕ್ಕರ್ ಸೀಟಿ ಹೊಡುದ್ರೆ ಎದ್ದು ನಿಂತ್ಕಂಡು ಫೌಲು ಅಂತ ಕೈ ತೋರುಸ್ತಾ ಅವ್ರೆ!"

"ಮಾತಾಡ್ಬೋದು ಅಂತ ಡಾಕ್ಟ್ರು ಹೇಳುದ್ರಲ್ಲ ಅತ್ತೆ?"

"ಹೇಳುದ್ರು. ಮೆತ್ತಗೆ ಆಡಿ ಅಂದವ್ರೆ. ಇವ್ರು ಬಾಯೇ ಬಿಡ್ತಿಲ್ಲ. ಮೆತ್ತಗೆ ಮಾತಾಡದು ಯಂಗೆ ಅಂತ ಇವ್ರಿಗೆ ಎಲ್ಲಿ ಗೊತ್ತದೆ?" ಅಂದವರ ದನಿ ಇದ್ದಕ್ಕಿದ್ದಂತೆ ಸಣ್ಣದಾಯಿತು. "ಗ್ರೌಂಡ್ ಕಡೆ ತಲೆ ಹಾಕಲ್ಲ ಅಂತ ಮುಖ ತಿರುಗುಸ್ಕಂಡ್ ಕೂತವ್ರೆ ಕಣ್ಲಾ. ಹಿಂಗೇ ಬುಟ್ರೆ ಮನುಷ್ಯ ಉಳ್ಯಲ್ಲ."

ನಾನೂ ಅತ್ತೆಯೂ ಸೇರಿ, ವಾಕಿಂಗ್ ಎಂದು ಸುಳ್ಳು ಹೇಳಿ ಅವರನ್ನು ಕಾಲೇಜಿನ ಕಡೆಗೆ ಎಳೆದುಕೊಂಡು ಹೋದೆವು. ಹುಡುಗಿಯರು ಅಭ್ಯಾಸ ಮಾಡುತ್ತಿದ್ದರು. ಮಾವ ಬೇಲಿಯ ಬಳಿಯೇ ನಿಂತುಬಿಟ್ಟರು. ಬೇಡ ಎಂದು ತಲೆಯಾಡಿಸಿದರು. ಅಷ್ಟರಲ್ಲಿ ಒಬ್ಬ ಹುಡುಗಿ ಚೆಂಡನ್ನು ಎಳೆದುಕೊಂಡು ಬಂದು, ತಾನು ಹೊಡೆಯದೆ ಆಚೆ ಬದಿಯ ಗೆಳತಿಗೆ ತಳ್ಳಿದಳು. ಅವಳು ಇನ್ನೊಬ್ಬಳಿಗೆ. ಗೋಲ್! ಮಾವನಿಗೆ ತಡೆಯಲಾಗಲಿಲ್ಲ. ಬೇಲಿ ದಾಟಿ ಗೆರೆಯವರೆಗೆ ಓಡಿದರು, ಬಾಯಿ ತೆರೆದರು. ಬಂದದ್ದು ತರಗೆಲೆ ಸರಿದಂಥ ಸದ್ದು. ಹಿಂದೆಯೇ ಓಡಿ ಬಂದು ಪಕ್ಕದಲ್ಲಿ ನಿಂತ ನನಗೇ ಮಾತು ಏನೆಂದು ಕೇಳಿಸಲಿಲ್ಲ. ಮಾವ ಗಂಟಲ ಮೇಲೆ ಕೈಯಿಟ್ಟುಕೊಂಡು ನೆಲ ನೋಡುತ್ತ ನಿಂತರು.

ಆದರೆ ತುಟಿ ಅಲ್ಲಾಡಿದ್ದನ್ನು ಹುಡುಗಿಯರು ಕಂಡಿದ್ದರು. ಆಟ ನಿಂತಿತು. ಎಲ್ಲರೂ ಓಡಿ ಬಂದು ಅವರನ್ನು ಸುತ್ತುವರಿದರು, ಗೋಲ್‌ಕೀಪರೂ ಗೋಲ್ ಬಿಟ್ಟು ಬಂದಳು. ಇಷ್ಟು ವರ್ಷ ಮಾವನಿಂದ ಆದಷ್ಟು ದೂರ ನಿಲ್ಲುವುದೇ ಆಟಗಾರರ ಜಾಣತನವಾಗಿತ್ತು. ಇವರು ತಲೆಗೆ ತಲೆ ತಾಗುವಷ್ಟು ಹತ್ತಿರ ಬಂದು, ಬೈಗುಳಕ್ಕೆ ಸಿದ್ಧರಾಗಿ ತಲೆ ತಗ್ಗಿಸಿ ನಿಂತರು.

ಮಾವ ಒಬ್ಬೊಬ್ಬರ ಮುಖವನ್ನೂ ನೋಡಿದರು. ಕೊನೆಗೆ ಉಸಿರಿನಷ್ಟೇ ದನಿಯಲ್ಲಿ ಹೇಳಿದರು.

"ಸ್ಯಾನೆ ಚೆಂದಾಗಿ ಆಡ್ತಾ ಇದ್ದೀರ ಕಣ್ರವ್ವಾ."

ಅಷ್ಟರಲ್ಲಿ ನಮ್ಮನ್ನು ಸೇರಿದ್ದ ಅತ್ತೆ ಸೆರಗಿನಿಂದ ಮೂಗು ಒರೆಸಿಕೊಂಡರು. ನನಗೋ, ನಾಚಿಕೆ ಬಿಟ್ಟು ಹೇಳುತ್ತೇನೆ, ಆ ಹುಡುಗಿಯರನ್ನು ಕಂಡು ಹೊಟ್ಟೆಕಿಚ್ಚಾಯಿತು. ಕಣ್ಣಲ್ಲಿ ನೀರೂ ಬಂತು. ಮಾವನ ಎದುರಿಗೇ ನಿಂತಿದ್ದ ನಾಯಕಿ, ಆ ಮಾತಿನ ಒಂದೊಂದು ಅಕ್ಷರವನ್ನೂ ಕೇಳಿಸಿಕೊಂಡವಳು, ಮೆಲ್ಲಗೆ ತಲೆಯೆತ್ತಿದಳು.

"ಸಾರ್, ಕೇಳಿಸ್ಲಿಲ್ಲ. ಇನ್ನೊಂದ್ಸಲ ಹೇಳಿ."

ಮಾವ ಇನ್ನೊಂದು ಸಲ ಹೇಳಿದರು.