ಕಾಫಿ ಕೊಟ್ಟ ಕೈ

ಸಿನಿಮಾ ಸ್ವಲ್ಪ ಉದ್ದವಾಯಿತು. ಆಗಿದ್ದು ಅಷ್ಟೇ. ಆದರೆ ಸಾವ್ ಪೌಲೊದ ಆ ಸಿನಿಮಾ ಬೀದಿಯಲ್ಲಿ ಬಣ್ಣ ಹಚ್ಚಿಕೊಂಡು ನಟಿಸಿದವನೇ ಆಮೇಲೆ ಕತ್ತರಿ ಹಿಡಿದು ಸಂಕಲನಕ್ಕೂ ಕೂರುವುದು ರೂಢಿ. ಹಾಗಾಗಿ ಸಂಕಟವೆಲ್ಲ ಬಂದು ನಟನೂ ಸಂಕಲನಕಾರನೂ ಆದ ಓಲೆಗಾರಿಯೊನ ತಲೆಯ ಮೇಲೇ ಕೂತಿತು.

"ಹತ್ತು ನಿಮಿಷ ಕಿತ್ತು ಹಾಕಯ್ಯ," ಎಂದ ನಿರ್ಮಾಪಕ ಅಬೆಲಾರ್ದೊ ಬೆಳಗ್ಗೆಯೇ. "ಸಂಜೆ ಮೊದಲನೇ ಆಟ. ಯಾವುದನ್ನಾದ್ರೂ ಕೀಳು, ನನ್ನ ಮಾತ್ರ ಕೇಳ್ಬೇಡ."

ಇಷ್ಟು ವರ್ಷ ಗುಂಪಿನ ದೃಶ್ಯಗಳಲ್ಲಿ ಓಡಿ, ಗುಂಡು ತಿಂದು ಬಿದ್ದ ಓಲೆಗಾರಿಯೊಗೆ ಇದರಲ್ಲಿ ಮೊದಲ ಸಲ ಮಾತಿರುವ ಪಾತ್ರ ಸಿಕ್ಕಿತ್ತು: ಜಮೀನ್ದಾರನಿಗೆ ಕಾಫಿಯಲ್ಲಿ ವಿಷ ಹಾಕಿ ಕೊಡುವ ಆಳು. ಅದನ್ನು ನೋಡಲೆಂದೇ ಅವನಮ್ಮ ಎಪೊನಿನಾ ಮಿನಾಸ್‌ನ ಹಳ್ಳಿಯಿಂದ ಬಸ್ಸು ಹತ್ತಿ ಬಂದಿದ್ದಳು. ಮಗ ಪರದೆಯ ಮೇಲೆ ಕಂಡರೆ, "ನಿನ್ನ ಮಗನಿಗೆ ಪಟ್ಟಣದಲ್ಲಿ ಅದೇನು ಕೆಲಸವೋ" ಎಂದು ಕೆಣಕುವ ತಂಗಿಯರ ಬಾಯಿ ಮುಚ್ಚಿಸಬಹುದೆಂದು ಅವಳ ಆಸೆ.

ಸುದ್ದಿ ಹಬ್ಬಿದ್ದೇ ತಡ, ಸಂಕಲನದ ಕೋಣೆಗೆ ಜನ ನುಗ್ಗಿದರು. ನಾಯಕಿ ಬಿಸಿ ಚೀಸ್ ಬನ್ನು ತಂದಳು. "ನನ್ನ ಹಾಡು ಮುಟ್ಟಿದ್ರೆ ಇಲ್ಲೇ ಕೂತು ಅಳ್ತೀನಿ, ನೋಡು!"

"ಆ ಸೂರ್ಯಾಸ್ತ ನನ್ನ ಪ್ರಾಣ ಕಣೋ," ಎಂದ ನಿರ್ದೇಶಕ.

ಕುದುರೆಯವನೂ ಬಾಗಿಲಲ್ಲಿ ಇಣುಕಿದ. "ಮೂಕ ಪ್ರಾಣಿ, ಎಷ್ಟು ಚೆನ್ನಾಗಿ ಓಡಿದೆ. ಅದಕ್ಕೆ ಅನ್ಯಾಯ ಮಾಡ್ಬೇಡಪ್ಪ."

ಓಲೆಗಾರಿಯೊನ ಪರವಾಗಿ ಬೇಡಿಕೊಳ್ಳಲು ಯಾರೂ ಇರಲಿಲ್ಲ. ಅವನು ತನ್ನ ದೃಶ್ಯವನ್ನು ಮತ್ತೆ ಮತ್ತೆ ನೋಡಿದ. ನಟ ಪಾಪದವನು, ಆದರೆ ದೃಶ್ಯ ಎಳೆದಂತಿತ್ತು. ಪ್ರಾಮಾಣಿಕ ಸಂಕಲನಕಾರ ಮಾಡುವುದನ್ನೇ ಮಾಡಿದ. ತನ್ನನ್ನು ತಾನೇ ಕತ್ತರಿಸಿ ಬುಟ್ಟಿಗೆ ಹಾಕಿದ. ಕಾಫಿ ಕೊಡುವ ಕೈ ಒಂದನ್ನು ಮಾತ್ರ ಉಳಿಸಿದ. ಅದೂ ಹೋದರೆ ಜಮೀನ್ದಾರ ಯಾಕೆ ಸತ್ತನೆಂದು ಯಾರಿಗೂ ತಿಳಿಯುತ್ತಿರಲಿಲ್ಲ.

ಸಂಜೆ ಪಕ್ಕದ ಮನೆಯ ಜುಲ್ಮಿರಾ ಇಡೀ ಓಣಿಯನ್ನೇ ಹೊರಡಿಸಿಕೊಂಡು ಬಂದಳು. ಎಲ್ಲರ ಕೈಯಲ್ಲೂ ಹುರಿದ ಕಡಲೆಕಾಯಿ.

"ಅಮ್ಮಾ, ಇವತ್ತು ಬೇಡ. ನನಗೆ ಹೊಟ್ಟೆನೋವು," ಎಂದ ಓಲೆಗಾರಿಯೊ.

"ಹೊಟ್ಟೆನೋವು ನಿನಗೆ ತಾನೇ, ಸಿನಿಮಾಕ್ಕಲ್ಲವಲ್ಲ," ಎಂದು ಜುಲ್ಮಿರಾ ಅವನ ರಟ್ಟೆ ಹಿಡಿದು ಎಳೆದಳು. "ನಡಿ ನಡಿ!"

ಕತ್ತಲಾಯಿತು. ಕುದುರೆ ಓಡಿತು, ನಾಯಕಿ ಹಾಡಿದಳು, ಸೂರ್ಯ ಎಷ್ಟು ಹೊತ್ತಾದರೂ ಮುಳುಗಲೊಲ್ಲ. "ಎಲ್ಲಿದ್ದೀಯೋ? ಆ ಗಡ್ಡದವನಾ?" ಎಂದು ಜುಲ್ಮಿರಾ ತಿವಿದಾಗಲೆಲ್ಲ ಓಲೆಗಾರಿಯೊ ಕುರ್ಚಿಯಲ್ಲಿ ಇನ್ನಷ್ಟು ಹುದುಗಿದ. ಕಡೆಗೆ ಪರದೆಯ ಅಂಚಿನಿಂದ ವಿಷದ ಕಾಫಿ ಹಿಡಿದ ಒಂದು ಕೈ ಬಂತು. ಜನ ಉಸಿರು ಬಿಗಿಹಿಡಿದರು.

ಎಪೊನಿನಾ ಎದ್ದು ನಿಂತೇಬಿಟ್ಟಳು. "ಅಯ್ಯೋ, ನನ್ನ ಮಗ! ಹೆಬ್ಬೆರಳು ಕಾಫಿಗೆ ಅದ್ದಬೇಡವೋ ಅಂತ ಚಿಕ್ಕಂದಿನಿಂದ ಬಡ್ಕೊಂಡೆ. ಸಿನಿಮಾದಲ್ಲೂ ಅದ್ದಿದಾನೆ ನೋಡಿ!"

ಥಿಯೇಟರೇ ಗೊಳ್ಳೆಂದಿತು. ಜಮೀನ್ದಾರ ಒದ್ದಾಡಿ ಒದ್ದಾಡಿ ಸತ್ತರೂ ನಗು ನಿಲ್ಲಲಿಲ್ಲ. ಅವಳು ಮಾತ್ರ ಅಳುತ್ತಾ ಮಗನ ಹೆಬ್ಬೆರಳಿಗೆ ಮುತ್ತಿಟ್ಟಳು. ಅವನ ನಟನೆಗೆ ಅದುವರೆಗೆ ಯಾರೂ ಅತ್ತಿರಲಿಲ್ಲ.

ಹೊರಗೆ ಅಬೆಲಾರ್ದೊ ಕಾದಿದ್ದ. "ನಾಳೆ ಆಟದ ಹೊತ್ತಿಗೆ ಆ ಕೈಯೂ ಹೋಗ್ಬೇಕು!"

"ಸರ್, ಆಮೇಲೆ ಜಮೀನ್ದಾರ ಕಾರಣವೇ ಇಲ್ದೆ ಸಾಯ್ತಾನಲ್ಲ?"

"ಸಾಯ್ಲಿ ಬಿಡಯ್ಯ, ವಯಸ್ಸಾಗಿತ್ತು."

ಅಷ್ಟರಲ್ಲಿ ಬೀದಿ ಮೂಲೆಯ ಫೋನಿನಿಂದ ಎಪೊನಿನಾ ಓಡಿ ಬಂದಳು. ಮುಖ ಅರಳಿತ್ತು.

"ನಿನ್ನ ಚಿಕ್ಕಮ್ಮಂದಿರಿಗೆಲ್ಲ ಹೇಳ್ಬಿಟ್ಟೆ ಕಂದಾ, ನಾಳೆ ಆಟಕ್ಕೆ ಬರ್ತಿದಾರೆ. ಒಂದೇ ಒಂದು ಮಾತು. ನಾಳೆ ಸ್ವಲ್ಪ ಮುಖಾನೂ ತೋರಿಸು. ಬರೀ ಬೆರಳು ನೋಡಿದ್ರೆ ಅವರಿಗೆ ನಿನ್ನ ಗುರುತು ಸಿಗಲ್ಲ."