ಅಕ್ಕೂರಿನ ಹುಳುಮನೆಯಲ್ಲಿ ನನ್ನ ಚೇಳು

ಹೇಳಿದ್ದನ್ನು ಹೇಳಿದಂತೆ ಪಾಲಿಸುವುದರಲ್ಲಿ ನನ್ನನ್ನು ಮೀರಿಸುವವರು ಚನ್ನಪಟ್ಟಣ ತಾಲ್ಲೂಕಿನಲ್ಲೇ ಇಲ್ಲ. ಹತ್ತು ವರ್ಷ ಕಾನ್ವೆಂಟಿನಲ್ಲಿ ಓದಿದವಳು ನಾನು! ಆದ್ದರಿಂದ ರಾಮನಗರದ ಟ್ಯಾಟೂ ಅಂಗಡಿಯವನು ನನ್ನ ಎಡ ಮುಂಗೈ ಮೇಲೆ ಚೇಳೊಂದನ್ನು ಬರೆದು, ಅದರ ಮೇಲೆ ಗಾಜಿನಂಥ ತೆಳು ಬ್ಯಾಂಡೇಜ್ ಅಂಟಿಸಿ, “ಐದು ದಿನ ತೆಗೀಬೇಡಿ ಆಂಟಿ. ನೆನೆಸಬೇಡಿ, ಎಣ್ಣೆ ಹಚ್ಚಬೇಡಿ, ಕೆರೀಬೇಡಿ” ಎಂದಾಗ ನಕ್ಕೆ. ಎಪ್ಪತ್ತರ ಮುದುಕಿಯನ್ನು ಆಂಟಿ ಎಂದದ್ದಕ್ಕೆ ಅರ್ಧ ನಗು, ‘ಇಷ್ಟೇನಾ’ ಎಂದು ಇನ್ನರ್ಧ.

ಚೇಳೇ ಯಾಕೆ? ಅವ್ವನ ಮುಂಗೈ ಮೇಲೆ ಅದೇ ಹಚ್ಚೆ ಇತ್ತು. ನನಗೆ ಹತ್ತು ವರ್ಷವಿದ್ದಾಗ ಹಚ್ಚೆಯವಳು ಅಕ್ಕೂರಿನ ನಮ್ಮ ಮನೆ ಜಗಲಿಗೆ ಬಂದಿದ್ದಳು. “ನಂಗೂ ನಿಂಗೂ ಒಂದೇ ತರದ್ದು ಇರ್ಲಿ, ಬಾರವ್ವ” ಎಂದು ಅವ್ವ ಕರೆದರೆ, “ಛೀ, ಡರ್ಟಿ! ಸಿಸ್ಟರ್ ಬಯ್ತಾರೆ” ಎಂದು ಹಿತ್ತಿಲಿಗೆ ಓಡಿದ್ದೆ. ಕಾನ್ವೆಂಟಿನ ಗೇಟಿಗೆ ಬಂದಾಗ ಸೆರಗಿನಿಂದ ಕೈ ಮುಚ್ಚಿಕೊಳ್ಳಬೇಕೆಂದು ಅವಳಿಗೆ ರೂಲ್ ಮಾಡಿದವಳೂ ನಾನೇ. ಈಗ ಅವ್ವ ಇಲ್ಲ. ಇರುವ ಒಂದೇ ಫೋಟೋದಲ್ಲೂ ಕೈ ಸೆರಗಿನೊಳಗಿದೆ. ಹಾಗಾಗಿ ನೆನಪಿನಿಂದಲೇ ಚೇಳು ಬರೆದುಕೊಟ್ಟಿದ್ದೆ. ಅದು ಕೆಟ್ಟರೆ ಅವ್ವನದೆಂದು ನನ್ನ ಬಳಿ ಇನ್ನೇನೂ ಇಲ್ಲ.

ಎರಡನೆಯ ದಿನ ಬ್ಯಾಂಡೇಜಿನೊಳಗೆ ಕಪ್ಪು ನೀರು ತುಂಬಿ ಚೇಳು ಮುಳುಗಿಹೋಯಿತು. ಇದು ನಾರ್ಮಲ್ ಎಂದು ಅಂಗಡಿಯವನು ಮೊದಲೇ ಹೇಳಿದ್ದ. ಆದರೆ ನಮ್ಮ ಯಜಮಾನರಿಗೆ ಹೇಳುವವರು ಯಾರು?

“ಏನೇ ಅದು, ಜಿಗಣೆ ಸಾಕ್ತಿದ್ದೀಯ?”

“ಅದು ಪ್ಲಾಸ್ಮಾ! ಹೀಲಿಂಗ್ ಪ್ರೋಸೆಸ್!”

“ಪ್ರೋಸೆಸ್ ಮುಗಿಯೋ ತನಕ ನನ್ನ ತಟ್ಟೆಗೆ ಬಡಿಸಬೇಡ ಮಾರಾಯ್ತಿ.”

ಬಡಿಸಲಿಲ್ಲ. ಉಪವಾಸ ಬಿದ್ದಿರಲಿ ಎಂದುಕೊಂಡೆ. ಮನುಷ್ಯ ಹೋಟೆಲಿನಿಂದ ತಟ್ಟೆ ಇಡ್ಲಿ ತಂದು ನನ್ನೆದುರೇ ಚಪ್ಪರಿಸಿದರು!

ಪಕ್ಕದ ಮನೆಯಾಕೆ ಕಾಂಪೌಂಡಿನಾಚೆಯಿಂದಲೇ, “ಶುಗರ್ ಇದ್ರೆ ಹುಷಾರು ಮೇಡಮ್, ನಮ್ಮ ಚಿಕ್ಕಪ್ಪಂಗೂ ಹಿಂಗೇ ಶುರುವಾಗಿದ್ದು” ಎಂದರು. ಚಿಕ್ಕಪ್ಪನಿಗೆ ಮುಂದೇನಾಯಿತೆಂದು ನಾನು ಕೇಳಲಿಲ್ಲ. ಗೇಟನ್ನು ದಢಾರೆಂದು ಹಾಕಿಕೊಂಡೆ.

ಮೂರನೆಯ ದಿನ ಅಕ್ಕೂರಿನಿಂದ ತಮ್ಮನ ಹೆಂಡತಿ ಜಯಮ್ಮನ ಫೋನು. “ಅಕ್ಕ, ಹುಳ ಹಣ್ಣಾಗ್ಬುಟ್ಟವೆ. ಆಳು ಸಿಕ್ಕಿಲ್ಲ. ಒಸಿ ಬಂದ್ಬುಡಿ.”

ರೇಷ್ಮೆ ಹುಳು ಹಣ್ಣಾಯಿತೆಂದರೆ ಗೂಡು ಕಟ್ಟಲು ಸಿದ್ಧವಾಯಿತೆಂದು ಅರ್ಥ. ಒಂದೊಂದನ್ನೇ ಆಯ್ದು ಬಿದಿರಿನ ಚಂದ್ರಿಕೆಗೆ ಬಿಡಬೇಕು. ಅಂದು ಕರೆದರೆ ನೆಂಟರು ಇಲ್ಲವೆನ್ನುವಂತಿಲ್ಲ. ಹೋದೆ.

ಹುಳುಮನೆಯ ಬಾಗಿಲಲ್ಲೇ ಬ್ಲೀಚಿಂಗ್ ಪೌಡರ್ ಕಲಸಿದ ನೀರಿನ ಟಬ್. ಹುಳುಗಳಿಗೆ ಸೋಂಕು ತಗಲಬಾರದಲ್ಲ, ಅದರಲ್ಲಿ ಕೈಕಾಲು ಅದ್ದದೆ ಯಾರಿಗೂ ಪ್ರವೇಶವಿಲ್ಲ.

“ಎಲ್ಡು ಕೈಯೂ ಅದ್ದಿ ಅಕ್ಕ.”

“ಎಡಗೈ ಆಗಲ್ಲ. ಡಾಕ್ಟರ್ಸ್ ಆರ್ಡರ್!” ಟ್ಯಾಟೂದವನಿಗೆ ನಿಂತ ನಿಲುವಿನಲ್ಲೇ ಎಂಬಿಬಿಎಸ್ ಕೊಟ್ಟೆ.

“ಅಂಗಾರೆ ಆ ಕೈನ ಆಚೇನೆ ಬುಟ್ಟು ಬನ್ನಿ!”

ನನಗೆ ಮೈಯೆಲ್ಲ ಉರಿಯಿತು. ಎಪ್ಪತ್ತು ವರ್ಷದವಳಿಗೆ ಗೇಟ್ ಪಾಸ್! ಕೊನೆಗೆ ಬೆರಳುಗಳನ್ನು ಮಾತ್ರ ಅದ್ದಿ, ಮುಂಗೈಗೆ ಪ್ಲಾಸ್ಟಿಕ್ ಕವರ್ ಸುತ್ತಿ, ಮಣಿಕಟ್ಟಿಗೊಂದು ಮೊಣಕೈಗೊಂದು ರಬ್ಬರ್ ಬ್ಯಾಂಡ್ ಹಾಕಿಕೊಂಡು ಒಳಗೆ ಹೋದೆ. ನನ್ನ ಬುದ್ಧಿಗೆ ನಾನೇ ಭೇಷ್ ಎಂದುಕೊಂಡೆ.

ಅರ್ಧ ಗಂಟೆಯಲ್ಲಿ ಕೆರೆತ ಶುರುವಾಯಿತು. ಕೆರೆತವೆಂದರೆ ಗುಣವಾಗುವ ಲಕ್ಷಣ. ಹಲ್ಲು ಕಚ್ಚಿದೆ.

“ಯಾಕಕ್ಕ, ಮಕ ಹಿಂಗ್ ಮಾಡ್ಕಂಡಿದ್ದೀರಾ?”

“ಸೆಲ್ಫ್ ಕಂಟ್ರೋಲ್! ನಿನಗೆ ಅರ್ಥ ಆಗಲ್ಲ.”

ಇನ್ನೂ ಅರ್ಧ ಗಂಟೆ ತಡೆದೆ. ಆಮೇಲೆ ಕೆರೆತ ನಡೆಯತೊಡಗಿತು! ಗುಣವಾಗುವ ಕೆರೆತ ಮೊಣಕೈಯಿಂದ ಮಣಿಕಟ್ಟಿನವರೆಗೆ ವಾಕಿಂಗ್ ಹೋಗುವುದಿಲ್ಲ. ಕವರ್ ಹರಿದು ನೋಡಿದರೆ, ಸಡಿಲವಾದ ರಬ್ಬರ್ ಬ್ಯಾಂಡಿನ ಕೆಳಗೆ ನುಸುಳಿದ ಹಣ್ಣು ಹುಳುವೊಂದು ನನ್ನ ಬ್ಯಾಂಡೇಜಿನ ಮೇಲೆ ಆರಾಮಾಗಿ ನೂಲು ಬಿಡುತ್ತಿತ್ತು. ಗೂಡು ಕಟ್ಟಲು ಅದಕ್ಕೆ ಚಂದ್ರಿಕೆಗಿಂತ ನನ್ನ ಕೈಯೇ ಲಾಯಕ್ಕಾಗಿ ಕಂಡಿತ್ತು!

ಕಾನ್ವೆಂಟ್ ಮರೆತೇಹೋಯಿತು. “ಅಯ್ಯಯ್ಯೋ, ತೆಗಿಯೇ! ಇದ್ರ ಮನೆ ಹಾಳಾಗ!” ಎಂದು ಅಕ್ಕೂರಿನ ಭಾಷೆಯಲ್ಲೇ ಅರಚಿದೆ.

ಜಯಮ್ಮ ಹುಳುವಿಗೆ ನೋವಾಗದಂತೆ ಎತ್ತಿಕೊಂಡಳು. ನನಗೆ ನೋವಾಗುವಂತೆ ನೂಲಿನ ಜೊತೆ ಬ್ಯಾಂಡೇಜೂ ಕಿತ್ತುಬಂತು! ಕಪ್ಪು ನೀರು ಸೀರೆಯ ಮೇಲೆಲ್ಲ ಹರಿಯಿತು.

“ಹೋಯ್ತು! ಅವ್ವಂದು ಅಂತ ಇದ್ದದ್ದು ಅದೊಂದೇ! ನೀನು, ನಿನ್ನ ಹುಳ, ನಿನ್ನ ಬ್ಲೀಚಿಂಗ್ ಪೌಡರ್!” ಬಾಯಿಗೆ ಬಂದಂತೆ ಬೈದೆ. ಅವಳು ನನ್ನನ್ನು ಹೊರಗೆ ಕರೆತಂದು, ಸೋಪು ನೀರಿನಲ್ಲಿ ಮೆಲ್ಲಗೆ ಕೈ ತೊಳೆದಳು. ಅವ್ವ ಹಾಸಿಗೆ ಹಿಡಿದ ನಾಲ್ಕು ವರ್ಷವೂ ದಿನಾ ಅವಳ ಕೈ ತೊಳೆದವಳು ಜಯಮ್ಮ. ನಾನು ಹಬ್ಬಕ್ಕೊಮ್ಮೆ ಬಂದು ಬಿಸ್ಕತ್ತು ಕೊಟ್ಟು ಹೋದವಳು.

ಕಪ್ಪು ಹರಿದುಹೋದ ಮೇಲೆ ಚೇಳು ಕಾಣಿಸಿತು. ಎಂಟು ಕಾಲು, ಒಂದು ಕೊಂಡಿ. ಯಾವುದೂ ಅಳಿಸಿರಲಿಲ್ಲ! ನನಗೆ ಕಣ್ಣಲ್ಲಿ ನೀರು ಬಂತು.

ಜಯಮ್ಮ ಬಗ್ಗಿ ನೋಡಿದಳು. “ಇದೇನಕ್ಕ ಇದು?”

“ಕಾಣಲ್ವಾ? ಅವ್ವನ ಕೈ ಮೇಲಿದ್ದ ಚೇಳು.”

“ಅತ್ತೆ ಕೈ ಮ್ಯಾಲಾ? ಅದು ಚೇಳಲ್ಲ ಕಣಕ್ಕ, ತುಳಸಿ ಗಿಡ. ಎಲೆಯೆಲ್ಲ ಮಾಸೋಗಿ ಬರೀ ಕಡ್ಡಿ ಉಳ್ಕಂಡಿದ್ವು. ನೀವು ಒಂದಿನಾನೂ ಹತ್ರ ಹಿಡ್ದು ನೋಡ್ನಿಲ್ವಾ?”

ಸೆರಗೆಳೆದು ಕೈ ಮುಚ್ಚಿಕೊಂಡೆ.

ಇದಾಗಿ ಒಂದು ತಿಂಗಳಾಯಿತು. ಗಾಯ ಪೂರ್ತಿ ಮಾಗಿದೆ. ಚೇಳಿನ ಒಂದೇ ಒಂದು ಕಾಲೂ ಮಾಸಿಲ್ಲ, ಹಾಳಾದ್ದು!