ರದ್ದಾದ ಮರೆದಿಂಗಳ ಕುರಿತು ಕಾಲಗಣನಾಧಿಕಾರಿಗಳಿಗೆ

ಮಾನ್ಯರೇ,

ಹಗಲಿರುಳುಗಳನ್ನು ಸಾಲಾಗಿ ನಿಲ್ಲಿಸಿ ಕಾಯುವ ತಮ್ಮ ಸನ್ನಿಧಿಗೆ, ಹಳೇ ಬಾವಿ ಓಣಿಯ ದರ್ಜಿ ಹೆಂಗಸು ಮಾಡುವ ನಮಸ್ಕಾರಗಳು. ತಾವು ವರ್ಷದ ಹನ್ನೆರಡೂ ತಿಂಗಳು ಕ್ಷೇಮವಾಗಿರಬೇಕೆಂದು ಹಾರೈಸುತ್ತೇನೆ. ಅದಕ್ಕಿಂತ ಹೆಚ್ಚು ಹಾರೈಸಲು ಈಗ ಅವಕಾಶವಿಲ್ಲವಲ್ಲ.

ನಮ್ಮ ಲೋಕಕ್ಕೆ ಇಬ್ಬರು ಚಂದ್ರರು ಎಂಬುದು ತಮಗೆ ತಿಳಿಯದ್ದೇನಲ್ಲ. ದೊಡ್ಡವನು ಹೇಳಿದ ಮಾತು ಕೇಳುತ್ತಾನೆ, ವೇಳೆಗೆ ಸರಿಯಾಗಿ ತುಂಬಿ ವೇಳೆಗೆ ಸರಿಯಾಗಿ ಸವೆಯುತ್ತಾನೆ. ಚಿಕ್ಕವನದು ಮಾತ್ರ ಹುಡುಗುಬುದ್ಧಿ. ವರ್ಷದ ಕೊನೆಗೆ ಹೇಳದೆ ಕೇಳದೆ ಮರೆಯಾಗಿ, ಒಂದು ವರ್ಷ ಬೇಗ, ಇನ್ನೊಂದು ವರ್ಷ ತಡವಾಗಿ, ಮನಸ್ಸು ಬಂದಾಗ ಮರಳುತ್ತಾನೆ. ಅವನಿಲ್ಲದ ಆ ದಿನಗಳನ್ನು ಹಿಂದಿನವರು ಮರೆದಿಂಗಳು ಎಂದು ಕರೆದು, ಹದಿಮೂರನೆಯ ತಿಂಗಳಾಗಿ ಹೇಗೋ ಸಾಕಿಕೊಂಡು ಬಂದಿದ್ದರು. ಒಮ್ಮೆ ಗಿಡ್ಡ, ಒಮ್ಮೆ ಉದ್ದವಾಗುವ ಇಂಥ ತಿಂಗಳು ಕ್ಯಾಲೆಂಡರಿನ ಅಂದ ಕೆಡಿಸುತ್ತದೆಂದು ತಾವು ಅದನ್ನು ರದ್ದುಮಾಡಿ, ಚಿಕ್ಕಚಂದ್ರ ಮರಳುವವರೆಗಿನ ದಿನಗಳು ಇಲ್ಲವೆಂದೇ ತಿಳಿಯತಕ್ಕದ್ದು ಎಂದು ಆದೇಶಿಸಿದಿರಿ. ಈಗಿನ ಕ್ಯಾಲೆಂಡರ್ ನಿಜಕ್ಕೂ ನೋಡಲು ಚಂದ.

ನನ್ನ ತಮ್ಮ ಗಾಡಿ ಹೊಡೆಯುವವನು. ಊಟಕ್ಕೆ ಕೂತಾಗಲೂ ಒಂದು ಕಾಲಿನ ಚಪ್ಪಲಿ ಬಿಡದ ಅವನನ್ನು ಓಣಿಯವರು ಗಡಿಬಿಡಿ ಎಂದೇ ಕರೆಯುತ್ತಾರೆ. ಅದೇ ಅವಸರದಲ್ಲಿ ತಿರುವಿನಲ್ಲಿ ಗಾಡಿ ನುಗ್ಗಿಸಿ ನ್ಯಾಯಾಧೀಶರ ತೋಟದ ಗೋಡೆ ಕೆಡವಿದ್ದಕ್ಕೆ, ಮರೆದಿಂಗಳ ಮೊದಲ ದಿನ ಬಿಡತಕ್ಕದ್ದು ಎಂದು ಬರೆದು ಅವನನ್ನು ಸೆರೆಮನೆಗೆ ಹಾಕಿದರು. ತಪ್ಪು ಅವನದೇ, ಅದಕ್ಕೆ ನನ್ನ ತಕರಾರಿಲ್ಲ. ಆದರೆ ಅವನು ಒಳಗೆ ಹೋದ ಮೇಲೆ ತಮ್ಮ ಆದೇಶ ಹೊರಗೆ ಬಂತು. ನನ್ನ ತಮ್ಮ ಬಿಡುಗಡೆಯಾಗಬೇಕಿದ್ದ ದಿನವನ್ನು ತಮ್ಮ ಕಚೇರಿ ತೆಗೆದುಹಾಕಿತು. ಹಿಂದಿನ ವಾಕ್ಯದಲ್ಲಿರುವ ಎರಡು ‘ತಮ್ಮ’ಗಳಲ್ಲಿ ಒಂದಕ್ಕೆ ಮಾತ್ರ ಬೀಗ ಬಿದ್ದಿತ್ತೆಂಬುದನ್ನು ವಿನಯದಿಂದ ಗಮನಕ್ಕೆ ತರುತ್ತೇನೆ.

ಸೆರೆಮನೆಯ ಬೀಗದವನು ಒಳ್ಳೆಯ ಮನುಷ್ಯ. ಮಂಡಿನೋವಿನಿಂದ ಗೋಡೆಗೆ ಬೆನ್ನು ಕೊಟ್ಟು ಅಡ್ಡಡ್ಡ ಮೆಟ್ಟಿಲಿಳಿದು ಬಂದು, “ಆ ತಿಂಗಳು ಬರ್ಲಿ ಅಕ್ಕಾ, ಆ ಕ್ಷಣಾನೇ ಬಾಗಿಲು ತೆಗೀತೀನಿ. ಬರೋದೇ ಇಲ್ಲ ಅಂದ್ರೆ ನಾನೇನ್ ಮಾಡ್ಲಿ?” ಎಂದು ನನಗಿಂತ ಮೊದಲು ತಾನೇ ಕಣ್ಣೊರೆಸಿಕೊಂಡ. ತಮ್ಮ ಕಚೇರಿಯ ಗುಮಾಸ್ತರಂತೂ, “ಮರೆದಿಂಗಳ ದೂರುಗಳನ್ನ ಮರೆದಿಂಗಳಲ್ಲೇ ತಗೊಳ್ಳೋದಮ್ಮ, ಆಗ ಬನ್ನಿ” ಎಂದು ಬಹಳ ಮರ್ಯಾದೆಯಿಂದ ಕಿಟಕಿ ಮುಚ್ಚಿದರು. ಕಂಬಿಯಾಚೆ ನನ್ನ ತಮ್ಮ ಮೊದಮೊದಲು “ಬೇಗ ಏನಾದ್ರೂ ಮಾಡಕ್ಕಾ” ಎನ್ನುತ್ತಿದ್ದವನು, ಬರಬರುತ್ತ “ನಿಧಾನಕ್ಕೆ ಬಾ, ನನಗೇನು ಅವಸರವಿಲ್ಲ” ಎನ್ನತೊಡಗಿದ. ಆ ಬಾಯಲ್ಲಿ ಆ ಮಾತು ಕೇಳಿದ ದಿನ ನಾನು ಮನೆಗೆ ಬಂದು ಹೊಲಿದದ್ದನ್ನೇ ಬಿಚ್ಚಿ ಮತ್ತೆ ಹೊಲಿದೆ.

ಕೊನೆಗೆ, ತಮ್ಮ ಆದೇಶವನ್ನು ಓದದ ಚಿಕ್ಕಚಂದ್ರ ಒಂದು ಸಂಜೆ ಹುಟ್ಟಲಿಲ್ಲ. ನಾನು ಸೂಜಿಯನ್ನು ಬಟ್ಟೆಯಲ್ಲೇ ಬಿಟ್ಟು ಸೆರೆಮನೆಗೆ ಓಡಿದೆ. ಬೀಗದವನು ಕೀಲಿಗೊಂಚಲು ಹಿಡಿದು ಅಂಗಳದಲ್ಲಿ ಮುಗಿಲು ನೋಡುತ್ತ ನಿಂತಿದ್ದ.

“ಅಮ್ಮ ಹೋದ ದಿನ ಅಕ್ಕಾ ಇದು. ಪ್ರತಿ ವರ್ಷ ರಜೆ ಹಾಕಿ ಅವಳ ಸಮಾಧಿ ಹತ್ರ ಕೂತಿರ್ತಿದ್ದೆ. ಈ ಸಲ ಕೇಳಿದ್ರೆ, ಅಂಥ ದಿನಾನೇ ಇಲ್ಲ ಅಂದ್ರು. ಸತ್ತ ದಿನಾನೇ ಇಲ್ಲ ಅಂದ್ರೆ ಅವಳು ಸತ್ತಿಲ್ಲ ಅಂತಾಯ್ತಲ್ಲ? ಮನೆಗೆ ಹೋಗಿ ನೋಡ್ದೆ. ಇರ್ಲಿಲ್ಲ.”

ಅಷ್ಟು ಹೇಳಿ ಅವನು ಒಳಗೆ ಹೋಗಿ ಬಾಗಿಲು ತೆರೆದ. ನನ್ನ ತಮ್ಮ ಹೊರಬಂದವನು ಓಡಲಿಲ್ಲ. ಹುಟ್ಟಿದಾರಭ್ಯ ಮೊದಲ ಸಲ ನನ್ನ ಪಕ್ಕದಲ್ಲೇ ಹೆಜ್ಜೆಗೆ ಹೆಜ್ಜೆ ಹಾಕಿ ಮನೆಗೆ ಬಂದ.

ಇದಕ್ಕಾಗಿ ತಾವು ಬೀಗದವನ ಮೇಲೆ ಮೊಕದ್ದಮೆ ಹೂಡಿದಿರಿ. ಅಪರಾಧ ನಡೆದದ್ದು ಯಾವ ದಿನ ಎಂದು ನ್ಯಾಯಾಧೀಶರು ಕೇಳಿದಾಗ ತಮ್ಮ ವಕೀಲರು ನೀರು ತರಿಸಿಕೊಂಡು ಕುಡಿದರು. ಗೋಡೆ ಕಳೆದುಕೊಂಡ ಅದೇ ನ್ಯಾಯಾಧೀಶರು, “ದಿನ ಇದ್ರೆ ಬಿಡುಗಡೆ ಸರಿ. ದಿನ ಇಲ್ಲ ಅಂದ್ರೆ ಅಪರಾಧ ನಡೆದೇ ಇಲ್ಲ. ಎರಡ್ರಲ್ಲಿ ಯಾವುದು ಬೇಕು ಅಂತ ಯೋಚ್ನೆ ಮಾಡಿ ಬನ್ನಿ” ಎಂದು ಕಳಿಸಿದರು. ತಾವು ಕಾಲಾವಕಾಶ ಕೇಳಿದ್ದೀರೆಂದು ತಿಳಿಯಿತು. ತಮ್ಮಂಥವರೂ ಕಾಲವನ್ನು ಇನ್ನೊಬ್ಬರ ಬಳಿ ಕೇಳಿ ಪಡೆಯಬೇಕಾಗುತ್ತದೆಂದು ನಮಗೆ ಗೊತ್ತಿರಲಿಲ್ಲ.

ಆದ್ದರಿಂದ, ದಯಮಾಡಿ ನಮ್ಮ ತಿಂಗಳನ್ನು ನಮಗೆ ಮರಳಿಸಬೇಕು. ಅದು ಆಗದಿದ್ದರೆ, ಉದ್ದನೆಯ ಏಣಿಯೊಡನೆ ಜವಾನನೊಬ್ಬನನ್ನು ಕಳಿಸಿ ಚಿಕ್ಕಚಂದ್ರನಿಗೆ ನೋಟೀಸು ಜಾರಿ ಮಾಡಬೇಕು. ಅದೂ ಆಗದಿದ್ದರೆ, ಬೀಗದವನ ತಾಯಿಯನ್ನು ಮನೆಗೆ ಕಳಿಸಿಕೊಡಬೇಕು. ಬಿಸಿನೀರು ಕಾಯಿಸಿಟ್ಟು, ಹಾಸಿಗೆ ಹಾಸಿಟ್ಟು ಕಾಯುತ್ತೇವೆ.

ಹೊಲಿಗೆಯಿಂದ ಮೊದಲೇ ಬಾಗಿದ ಬೆನ್ನನ್ನು ಇನ್ನಷ್ಟು ಬಾಗಿಸಿ,

ತಮ್ಮ ವಿಶ್ವಾಸಿ,
ಗಡಿಬಿಡಿಯ ಅಕ್ಕ

ವಿ.ಸೂ.: ತಾವು ಹೊಲಿಯಲು ಕೊಟ್ಟಿದ್ದ ಕೋಟು ಸಿದ್ಧವಾಗಿದೆ. ತಮ್ಮ ಎಡಗೈ ಬಲಗೈಗಿಂತ ತುಸು ಉದ್ದವೆಂದು ಅಳತೆಯಲ್ಲಿ ಕಂಡಿತು. ಆ ಹೆಚ್ಚಿನ ಭಾಗ ಇಲ್ಲವೆಂದೇ ತಿಳಿದು ಎರಡೂ ತೋಳುಗಳನ್ನು ಸಮನಾಗಿ ಕತ್ತರಿಸಿದ್ದೇನೆ. ಮೊಳೆಗೆ ತೂಗುಹಾಕಿದರೆ ಕೋಟು ಬಹಳ ಅಚ್ಚುಕಟ್ಟಾಗಿದೆ. ಹೊರಗುಳಿದ ಮಣಿಕಟ್ಟಿಗೆ ಚಳಿಯಾದರೆ ಅದಕ್ಕೂ ಒಂದು ಆದೇಶ ಹೊರಡಿಸಬಹುದು.